ಹಸು ಒಳಗೆ, ಡಾಕ್ಟ್ರು ಗೇಟಿನಾಚೆ

ಇಲಾಖೆಗೆ ಹೊಸದಾಗಿ ಸೇರಿರುವ ಮಕ್ಕಳೇ, ತರಬೇತಿಯಲ್ಲಿ ನಿಮಗೆ ಹಸುವಿನ ನಾಲ್ಕು ಹೊಟ್ಟೆಗಳ ಬಗ್ಗೆ ಚಿತ್ರ ಬರೆದು ಹೇಳಿಕೊಟ್ಟಿರುತ್ತಾರೆ. ಹಸು ಸಾಕಿದವರ ಒಂದು ಹೊಟ್ಟೆಯ ಬಗ್ಗೆ ಯಾರೂ ಹೇಳಿಕೊಟ್ಟಿರುವುದಿಲ್ಲ. ಆ ಪಾಠ ನನಗೆ ತಡವಾಗಿ ಬಂತು, ನಿಮಗಾದರೂ ಬೇಗ ಬರಲಿ ಎಂದು ಇದನ್ನು ಬರೆಯುತ್ತಿದ್ದೇನೆ.

ನಾನು ಮಹದೇವ. ಪಶುವೈದ್ಯಕೀಯ ಪರೀಕ್ಷಕನಾಗಿ ಬೇಗೂರು, ಗುಂಡ್ಲುಪೇಟೆ, ಚಾಮರಾಜನಗರಗಳಲ್ಲಿ ಮೂವತ್ತಾರು ವರ್ಷ ದುಡಿದು ನಿವೃತ್ತನಾದೆ. ಡಿಗ್ರಿ ಓದಿದ ಪಶುವೈದ್ಯರು ಮೇಲೆ, ನಾವು ಅವರ ಕೆಳಗೆ. ಆದರೆ ಆ ವ್ಯತ್ಯಾಸ ಹಸುವಿಗೂ ತಿಳಿಯದು, ಹಸುವಿನ ಯಜಮಾನನಿಗೂ ತಿಳಿಯದು. ಬ್ಯಾಗು ಹಿಡಿದು ಬಂದವರೆಲ್ಲ ಡಾಕ್ಟ್ರೇ. ನನ್ನ ಬಡ್ತಿಗಳ ವಿಷಯ ಬಿಟ್ಟುಬಿಡುತ್ತೇನೆ. ನೆನಪಿಟ್ಟುಕೊಳ್ಳುವ ಹಾಗೆ ಅವು ಬರಲೂ ಇಲ್ಲ.

ನನ್ನ ಬಗ್ಗೆ ಎರಡು ಸಂಗತಿ ಮೊದಲೇ ಹೇಳಿಬಿಡಬೇಕು. ಒಂದು, ನಾನು ಕಪ್ಪು. ಸುಮ್ಮನೆ ಕಪ್ಪಲ್ಲ, ಎಮ್ಮೆ ಕೊಟ್ಟಿಗೆಯಲ್ಲಿ ನಿಂತರೆ ನನ್ನನ್ನು ಹುಡುಕಬೇಕು, ಅಷ್ಟು. ಎರಡು, ನಾನು ಹರದನಹಳ್ಳಿಯ ಕೆಳಗಲ ಬೀದಿಯವನು, ಪರಿಶಿಷ್ಟ ಜಾತಿಯವನು. ಇವೆರಡಕ್ಕೂ ಹಸುವಿನ ಗರ್ಭಕೋಶಕ್ಕೂ ಏನು ಸಂಬಂಧ ಎಂದು ನೀವು ಕೇಳಬಹುದು. ನಾನೂ ಮೂವತ್ತಾರು ವರ್ಷ ಅದನ್ನೇ ಕೇಳಿಕೊಂಡೆ.

ಕೃತಕ ಗರ್ಭಧಾರಣೆ ಮಾಡುವಾಗ ಎಡಗೈ ಭುಜದವರೆಗೆ ಹಸುವಿನ ಒಳಗೆ ಹೋಗಬೇಕು. ಹಾಗೆ ನನ್ನ ಎಡಗೈ ಈ ಜಿಲ್ಲೆಯ ಎಷ್ಟೋ ದೊಡ್ಡ ಮನೆತನಗಳ ಆಸ್ತಿಯೊಳಗೆ ಹೋಗಿ ಬಂದಿದೆ. ಉಳಿದ ನಾನು ಮಾತ್ರ ಕೊಟ್ಟಿಗೆಯಿಂದ ಹಾಗೇ ಗೇಟಿಗೆ. ಅದೇ ಹಸುವಿನ ಹಾಲು ದೇವರ ಅಭಿಷೇಕಕ್ಕೆ ಹೋಗುತ್ತದೆ, ಅದರ ಗಂಜಲವನ್ನು ಮನೆಯ ಶುದ್ಧಿಗೆ ಚಿಮುಕಿಸುತ್ತಾರೆ. ಎಷ್ಟೋ ಸಲ ಅದನ್ನು ಚಿಮುಕಿಸುತ್ತಿದ್ದದ್ದು ನಾನು ನಿಂತು ಹೋದ ಜಾಗಕ್ಕೇ.

ಮೊದಲ ಪೋಸ್ಟಿಂಗ್ ಬೇಗೂರು. ಸೇರಿದ ವಾರದಲ್ಲೇ ಒಬ್ಬ ಯಜಮಾನರ ಮನೆಯಿಂದ ಕರೆ ಬಂತು. ಹಣೆ ತುಂಬ ವಿಭೂತಿ, ತೋಟ, ಟ್ರ್ಯಾಕ್ಟರು, ಎರಡಂತಸ್ತಿನ ಮನೆ. ನನ್ನ ಕೈ ಹಸುವಿನೊಳಗೆ ಹೋಯಿತು, ಅವರ ವಿಚಾರಣೆ ಶುರುವಾಯಿತು.

"ಡಾಕ್ಟ್ರೇ, ನಿಮ್ಮ ಮನೆದೇವ್ರು ಯಾವ್ದು?"

ನಮ್ಮ ಕಡೆ ಜಾತಿಯನ್ನು ನೇರವಾಗಿ ಕೇಳುವುದು ಒರಟುತನ, ಮನೆದೇವರನ್ನು ಕೇಳುವುದು ಮರ್ಯಾದೆ. ಬೇರೆ ಜಿಲ್ಲೆಗಳಲ್ಲಿ ಈ ಪ್ರಶ್ನೆಗೆ ಉತ್ತರ ಸಿಕ್ಕರೆ ಅರ್ಧ ಕೆಲಸ ಮುಗಿದಂತೆ. ಆದರೆ ನಮ್ಮಲ್ಲಿ ಮೇಲಿನವರಿಗೂ ಮಾದಪ್ಪನೇ, ಕೆಳಗಿನವರಿಗೂ ಮಾದಪ್ಪನೇ.

"ಮಾದಪ್ಪ," ಎಂದೆ.

"ಮಾದಪ್ಪನಾ... ಸರಿ ಸರಿ. ಹೆಸ್ರು?"

"ಮಹದೇವ."

ಅವರು ತಲೆ ಕೆರೆದುಕೊಂಡರು. ಅವರ ಹೆಸರೂ ಮಹದೇವಪ್ಪ, ಅವರ ಆಳಿನ ಹೆಸರೂ ಮಾದೇವ.

"ಊರು?"

"ಹರದನಹಳ್ಳಿ."

"ಹರದನಹಳ್ಳೀಲಿ ಯಾವ್ ತಾವು?"

"ಬಸ್‌ಸ್ಟಾಪಿಂದ ಇಳಿದು ನಡೆದರೆ ಬತ್ತದೆ."

"ಎಡಕ್ಕೊ, ಬಲಕ್ಕೊ?"

"ಮಧ್ಯಾನ ಎಡಕ್ಕೆ ನೆರಳಿರ್ತದೆ, ಆ ಕಡೆಯಿಂದ ಓಗ್ತೀನಿ."

ಕೈ ತೆಗೆದು ಗ್ಲೌಸು ಕಳಚುವವರೆಗೂ ಯಜಮಾನರ ಸಂಶಯ ಬಗೆಹರಿಯಲಿಲ್ಲ. ಈಗ ಕಾಫಿಯ ಪ್ರಶ್ನೆ ಬಂತು. ಮನೆಯ ಲೋಟದಲ್ಲಿ ಕೊಟ್ಟರೆ ಮೈಲಿಗೆ ಆದೀತು, ಬೇರೆ ಲೋಟದಲ್ಲಿ ಕೊಟ್ಟರೆ ಒಂದು ವೇಳೆ ನೆಂಟರ ಪೈಕಿ ಆಗಿಬಿಟ್ಟರೆ ಮರ್ಯಾದೆ ಹೋದೀತು. ಐದು ನಿಮಿಷ ಒಳಗೆ ಹೊರಗೆ ಓಡಾಡಿದರು. ಕೊನೆಗೆ ಮುಖ ಅರಳಿಸಿಕೊಂಡು ಎಳನೀರು ಕೊಚ್ಚಿ ಕೊಟ್ಟರು. ಎಳನೀರು ಬಲು ಅನುಕೂಲದ ವಸ್ತು. ಲೋಟವೂ ಅದೇ, ಕುಡಿದ ಮೇಲೆ ಬಿಸಾಡಲೂಬಹುದು. ಬೇಗೂರಿನಲ್ಲಿದ್ದಷ್ಟು ದಿನ ನಾನು ಕುಡಿದ ಎಳನೀರಿನಿಂದ ನನಗೆ ಉಷ್ಣದ ಕಾಯಿಲೆ ಎಂಬುದೇ ಬರಲಿಲ್ಲ.

ಸಂಜೆ ಮನೆಗೆ ಹೋದರೆ ನನ್ನ ಹೆಂಡತಿ ರತ್ನ ಮೊದಲು ಕೇಳುತ್ತಿದ್ದ ಮಾತು ಒಂದೇ: "ಒಳಕ್ ಕರುದ್ರಾ?"

"ಇಲ್ಲ. ಎಳನೀರು."

ರತ್ನ ಚಂದಕವಾಡಿಯವಳು. ಅವಳ ಕೈ ಅಡುಗೆಯ ರುಚಿ ನಮ್ಮ ನೆಂಟರಿಷ್ಟರಲ್ಲೆಲ್ಲ ಹೆಸರುವಾಸಿ. ಅವಳೂ ಹಟದವಳು. ಒಂದು ಸಂಜೆ ಒಲೆಯ ಮುಂದೆ ಕೂತು ಹೇಳಿದಳು: "ಒಂದಿನ ನಾವೂ ಅಂಥೋರ ಬೀದೀಲೇ ಮನೆ ಕಟ್ಟನ ಕಣ್ರೀ. ಅವರು ನಮ್ಮನೆಗ್ ಬಂದು, ಕುಂತ್ಕಂಡು, ನನ್ ಕೈಲಿ ಬಡಿಸ್ಕಂಡು ಉಣ್ಬೇಕು. ನಂಗೆ ಚಿನ್ನ ಗಿನ್ನ ಏನೂ ಬ್ಯಾಡ." ನನಗೆ ಚಿನ್ನ ಕೊಡಿಸುವುದೇ ಸುಲಭ ಅನ್ನಿಸಿತು.

ಆಮೇಲೆ ಗುಂಡ್ಲುಪೇಟೆ. ಅಲ್ಲಿ ಸಂಚಾರಿ ಘಟಕದ ಜೀಪು, ಅದಕ್ಕೊಬ್ಬ ಡ್ರೈವರ್ ಬಾಬು. ಕೇರಳದ ಸುಲ್ತಾನ್ ಬತ್ತೇರಿ ಕಡೆಯವನು, ಬೆಳ್ಳಗೆ, ಎತ್ತರಕ್ಕೆ, ಇಸ್ತ್ರಿ ಶರ್ಟು, ಕತ್ತರಿಸಿದ ಮೀಸೆ. ಹೈವೇ ಪಕ್ಕದಲ್ಲಿ ಹೊಸದಾಗಿ ಎದ್ದಿದ್ದ ಬಡಾವಣೆಯ ಒಂದು ಮನೆಗೆ ಹೋದೆವು. ಹೂವಿನ ವ್ಯಾಪಾರದಲ್ಲಿ ಚೆನ್ನಾಗಿ ಕಾಸು ಮಾಡಿದ ಮನೆ. ಜೀಪು ನಿಂತ ಕೂಡಲೇ ಮನೆಯೊಡತಿ ಬಂದು ಬಾಬುವಿಗೆ ಕೈ ಮುಗಿದು, "ಬನ್ನಿ ಡಾಕ್ಟ್ರೇ, ಕೂತ್ಕಳಿ," ಎಂದು ಕುರ್ಚಿ ಹಾಕಿಸಿದರು. ಬ್ಯಾಗು ಹಿಡಿದಿದ್ದ ನನ್ನ ಕಡೆ ತಿರುಗಿ, "ಏಯ್, ನೀನು ಹಸೀನ್ ಇಡ್ಕೊ ಓಗು," ಎಂದರು.

ಬಾಬು ಗಾಬರಿಯಿಂದ ನನ್ನ ಮುಖ ನೋಡಿದ. ನನಗೆ ಸಿಟ್ಟು ಬರಬೇಕಿತ್ತು. ಅದರ ಬದಲು ಕುಚೋದ್ಯ ಬಂತು. ನಡೆಯಲಿ ಎಂದು ಕಣ್ಣು ಹೊಡೆದುಬಿಟ್ಟೆ. ನನ್ನ ವೃತ್ತಿಯ ದೊಡ್ಡ ತಪ್ಪು ಅದು.

ಬಾಬು ಕಾಲ ಮೇಲೆ ಕಾಲು ಹಾಕಿದ. ಸ್ಟೀಲ್ ಲೋಟದಲ್ಲಿ ಕಾಫಿ ಬಂತು, ಚಕ್ಕುಲಿ ಬಂತು. ಮೇವು ಬಿಟ್ಟಿದ್ದ ಹಸುವನ್ನು ದೂರದಿಂದಲೇ ನೋಡಿ, "ಹೊಟ್ಟೇಲಿ ಚೂಡು ಚೇಚಿ. ಉಷ್ಣ, ಉಷ್ಣ! ಪಾಯಸಂ ಕೊಡಿ, ತಂಪಾಗತ್ತೆ," ಎಂದ. ನಾನು ಹಸುವಿನ ಮೂಗುದಾರ ಹಿಡಿದು ನಗು ತಡೆದುಕೊಳ್ಳುತ್ತಿದ್ದೆ. ನಿಜವಾದ ಔಷಧಿ ನಾನೇ ಕುಡಿಸಿ ಬಂದೆನಲ್ಲ, ಪಾಯಸದ ಮಾತು ತಮಾಷೆಗೆ ಹೋಯಿತು ಎಂದುಕೊಂಡೆ.

ಹೋಗಿರಲಿಲ್ಲ. ಆ ಮನೆಯಲ್ಲಿ ಹಿಂದಿನ ದಿನ ನಾಮಕರಣವಾಗಿತ್ತು, ಒಂದು ಕೊಳಗ ಪಾಯಸ ಮಿಕ್ಕಿತ್ತು. ಮರುದಿನ ಹೋಗಿ ನೋಡಿದರೆ ಹಸುವಿನ ಹೊಟ್ಟೆ ನಗಾರಿಯ ಹಾಗೆ ಉಬ್ಬಿತ್ತು. ಎಣ್ಣೆ ಕುಡಿಸಿ, ಬಾಯಿಂದ ಕೊಳವೆ ಇಳಿಸಿ, ಎರಡು ಗಂಟೆ ಅದರ ಹೊಟ್ಟೆ ತಿಕ್ಕಿ ನಾನು ಬೆವರಿನಲ್ಲಿ ಮಿಂದೆ. ಕೊನೆಗೆ ಹಸು ಒಂದು ತೇಗು ತೇಗಿತು ನೋಡಿ, ಪಕ್ಕದ ಮನೆಯವರು ಕಿಟಕಿ ತೆರೆದರು. ಮನೆಯೊಡತಿ ನಿಟ್ಟುಸಿರು ಬಿಟ್ಟು ಹೇಳಿದರು: "ನೆನ್ನೆ ಬಂದಿದ್ದ ಡಾಕ್ಟ್ರೇ ಬಂದಿದ್ರೆ ಇಷ್ಟೊತ್ಗೆ ವಾಸಿಯಾಗಿರದು."

ಬೀದಿಯ ತುದಿಯಲ್ಲಿ ಜೀಪಿನೊಳಗೇ ಅಡಗಿ ಕೂತಿದ್ದ ಬಾಬು ಕೈ ಮುಗಿದ. "ಸಾರೇ, ಞಾನ್ ಎಂದು ಚೆಯ್ಯಾನಾ? ನಾನೇನ್ ಮಾಡ್ಲಿ? ಕುರ್ಚಿ ಹಾಕಿದ್ರು, ಕೂತೆ." ಅವನ ತಪ್ಪೇನೂ ಇರಲಿಲ್ಲ. ಮಕ್ಕಳೇ, ಮನುಷ್ಯರ ಮೂರ್ಖತನವನ್ನು ನೋಡಿ ನಗಬೇಕೆನಿಸಿದರೆ ನಗಿ, ಆದರೆ ಹಸುವಿನ ಹೊಟ್ಟೆಯ ಮೇಲೆ ನಗಬೇಡಿ. ಆ ಮೂಕಪ್ರಾಣಿ ನನ್ನನ್ನು ಯಾವ ಜಾತಿ ಎಂದು ಕೇಳಿರಲಿಲ್ಲ.

ಮೇಲಧಿಕಾರಿಗಳ ಬಗ್ಗೆಯೂ ಒಂದು ಮಾತು. ಗುಂಡ್ಲುಪೇಟೆಯಲ್ಲಿ ನನಗೆ ಚಿದಾನಂದ ಸಾಹೇಬರು ಎಂಬ ಪಶುವೈದ್ಯರಿದ್ದರು. ಬಹಳ ಒಳ್ಳೆಯವರು. ಜಾತಿ ನಂಬುತ್ತಿರಲಿಲ್ಲ. ಅವರು ಜಾತಿ ನಂಬುವುದಿಲ್ಲ ಎಂಬುದು ಎಲ್ಲರಿಗೂ ಗೊತ್ತಾಗಲೇಬೇಕೆಂದು ಹೋದ ಮನೆಯಲ್ಲೆಲ್ಲ ನನ್ನ ಬೆನ್ನು ತಟ್ಟಿ, "ಇವನು ಎಸ್ಸಿ ಹುಡುಗ. ಆದ್ರೂ ಕೈಗುಣ ನೋಡಿ!" ಎನ್ನುತ್ತಿದ್ದರು. ಅಲ್ಲಿಯವರೆಗೆ ಮನೆದೇವರು, ಬಸ್‌ಸ್ಟಾಪು, ನೆರಳು ಎಂದು ನಾನು ಕಟ್ಟಿಕೊಂಡು ಬಂದದ್ದೆಲ್ಲ ಆ ಒಂದು ಹೊಗಳಿಕೆಯಲ್ಲಿ ಬಿದ್ದುಹೋಗುತ್ತಿತ್ತು. ಒಳಗಿನಿಂದ ಹೊರಟಿದ್ದ ಸ್ಟೀಲ್ ಲೋಟ ಹಾಗೇ ವಾಪಸು ತಿರುಗಿ ಪೇಪರ್ ಕಪ್ಪಾಗಿ ಬರುತ್ತಿತ್ತು. ಒಂದು ದಿನ ಧೈರ್ಯ ಮಾಡಿ, "ಸಾರ್, ಹೊಗಳದು ಬೇಕಾದ್ರೆ ಕಾಫಿ ಕುಡಿದ ಮೇಲೆ ಹೊಗಳಿ," ಎಂದೆ. ಸಾಹೇಬರು ಹೊಟ್ಟೆ ಹಿಡಿದು ನಕ್ಕರು. ಮುಂದಿನ ಮನೆಯಲ್ಲಿ ಕಾಫಿ ಮುಗಿಯುವವರೆಗೆ ಕಾದು, ಆಮೇಲೆ ಹೊಗಳಿದರು. ಮನೆಯವರು ನಮ್ಮೆದುರಿಗೇ ಲೋಟವನ್ನು ಹುಣಸೆಹಣ್ಣು ಹಾಕಿ ಉಜ್ಜಿದರು. ಸಾಹೇಬರ ಮುಖ ಆಗ ನೋಡಬೇಕಿತ್ತು. ಅಂದಿನಿಂದ ಅವರು ನನ್ನನ್ನು ಹೊಗಳುವುದನ್ನೇ ಬಿಟ್ಟರು, ಅದು ನನಗೆ ಮಾಡಿದ ದೊಡ್ಡ ಉಪಕಾರ.

ಕೆಲಸದ ರೀತಿಯೂ ನೋಡನೋಡುತ್ತ ಬದಲಾಯಿತು. ಮೊದಲು ಊರ ಹೋರಿಯೇ ಗತಿ. ಆಮೇಲೆ ಹೋರಿಯ ವೀರ್ಯವನ್ನು ಹೆಪ್ಪುಗಟ್ಟಿಸಿಡುವ ದ್ರವ ಸಾರಜನಕದ ಕ್ಯಾನು ಬಂತು. ಮುಚ್ಚಳ ತೆರೆದರೆ ಬುಸ್ಸೆಂದು ಬಿಳಿ ಹೊಗೆ. ಅದನ್ನು ಟಿವಿಎಸ್ ಗಾಡಿಗೆ ಕಟ್ಟಿಕೊಂಡು ನಾನು ದೊಡ್ಡವರ ಬಡಾವಣೆಗೆ ಹೋದಾಗ, ಹೊಗೆ ಬರುವ ಕ್ಯಾನು ಹಿಡಿದ ಕಪ್ಪು ಮನುಷ್ಯನನ್ನು ನೋಡಿ ಒಬ್ಬರು ಪೊಲೀಸರಿಗೆ ಫೋನು ಮಾಡಿದರು. ಬಂದ ಕಾನ್ಸ್‌ಟೇಬಲ್ ನಮ್ಮೂರ ಕಡೆಯವರೇ, ಅವರ ಹಸುವೂ ಬೆದೆಗೆ ಬಂದಿತ್ತು. ನನ್ನನ್ನು ಜೀಪಿನಲ್ಲಿ ಕೂರಿಸಿಕೊಂಡು ನೇರ ಅವರ ಮನೆಗೇ ಕರೆದುಕೊಂಡು ಹೋದರು. ಬಡಾವಣೆಯವರು ಭಯೋತ್ಪಾದಕ ಸಿಕ್ಕಿಬಿದ್ದ ಎಂದು ಆ ವಾರವೆಲ್ಲ ನೆಮ್ಮದಿಯಾಗಿದ್ದರಂತೆ.

ಕೊನೆಗೆ ಚಾಮರಾಜನಗರಕ್ಕೆ ವರ್ಗವಾಯಿತು. ರತ್ನ ಹಟ ಬಿಡಲಿಲ್ಲ. ಊರಿನ ಅನುಕೂಲಸ್ಥರೆಲ್ಲ ಸೇರಿದ್ದ ಒಂದು ಬಡಾವಣೆಯ ಮೂಲೆ ಸೈಟಿನಲ್ಲಿ ಚಿಕ್ಕದೊಂದು ಮನೆ ಕಟ್ಟಿದೆವು. ಎದುರು ಮನೆ ಶಿವಮಲ್ಲಪ್ಪನವರದು, ಅರಿಶಿನದ ಮಂಡಿ, ಎರಡು ಕಾರು. ಅವರ ಹೆಂಡತಿ ಗೌರಮ್ಮ. ನಮ್ಮ ಗೃಹಪ್ರವೇಶಕ್ಕೆ ರತ್ನ ಬೀದಿಯ ಪ್ರತಿ ಮನೆಗೂ ಹೋಗಿ ಕುಂಕುಮ ಕೊಟ್ಟು ಕರೆದಳು. ಪೂರ್ತಿ ಸಸ್ಯಾಹಾರಿ ಅಡುಗೆ ಎಂದು ಮೂರು ಮೂರು ಸಲ ಹೇಳಿದಳು.

ಬಂದರು. ಎಲ್ಲರೂ ಬಂದರು. ಬಾಗಿಲಲ್ಲಿ ನಿಂತು ಮನೆ ಚೆನ್ನಾಗಿದೆ ಎಂದರು, ಸಿಪ್ಪೆ ಇರುವ ಬಾಳೆಹಣ್ಣು ತೆಗೆದುಕೊಂಡರು, ಪ್ಯಾಕೆಟ್ ಜ್ಯೂಸು ತೆಗೆದುಕೊಂಡರು. ಊಟಕ್ಕೆ ಎಲೆ ಹಾಕಿದಾಗ ಗೌರಮ್ಮನವರಿಗೆ ಸೋಮವಾರದ ಉಪವಾಸ, ಪಕ್ಕದ ಮನೆಯ ಪಾರ್ವತಮ್ಮನವರಿಗೆ ಶುಗರು, ಮಿಕ್ಕವರಿಗೆ ಆಗ ತಾನೇ ತಿಂಡಿಯಾಗಿತ್ತು. ಅವತ್ತು ಬುಧವಾರ. ಚಂದಕವಾಡಿಯಿಂದ ಬಂದಿದ್ದ ನಮ್ಮ ನೆಂಟರು ಎಲ್ಲರ ಪಾಲನ್ನೂ ಸೇರಿಸಿ ಉಂಡರು. ರತ್ನ ಮಾತ್ರ ಬಡಿಸುತ್ತ ಬಡಿಸುತ್ತ ಬೀದಿಯ ಕಡೆ ನೋಡುತ್ತಿದ್ದಳು. ನನಗೆ ಅವಳ ಮುಖ ನೋಡಲಾಗಲಿಲ್ಲ.

ಆಮೇಲೆ ಅವಳು ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕತೊಡಗಿದಳು: ಯಾರಿಗೆ ಯಾವ ವಾರ ಉಪವಾಸ, ಯಾರ ಮನೆಯಲ್ಲಿ ಯಾವಾಗ ಸೂತಕ. ಎರಡು ತಿಂಗಳ ಲೆಕ್ಕಾಚಾರದ ನಂತರ ಪಾರ್ವತಮ್ಮ ಗುರುವಾರ ಮಧ್ಯಾಹ್ನ ಖಾಲಿ ಇರುತ್ತಾರೆ ಎಂದು ಕಂಡುಹಿಡಿದು, ಕಡುಬು ಮಾಡಿ ಕರೆಯಲು ಹೋದಳು. ಪಾರ್ವತಮ್ಮನಿಗೆ ಆ ಗುರುವಾರವೇ ಗ್ಯಾಸ್ಟ್ರಿಕ್ ಶುರುವಾಯಿತು.

ಬಡಾವಣೆಗೆ ಒಂದು ವಾಟ್ಸಾಪ್ ಗ್ರೂಪ್ ಇತ್ತು. ನನ್ನನ್ನೂ ಸೇರಿಸಿದ್ದರು, ಏಕೆಂದರೆ ನಾಯಿ ಬೆಕ್ಕುಗಳಿಗೆ ಡಾಕ್ಟ್ರು ಬೇಕಲ್ಲ. ಒಂದು ಸಂಜೆ ತುಂತುರು ಮಳೆ. ನಾನು ಹಿಂದಿನ ಬೀದಿಯ ಒಂದು ಹಸುವಿಗೆ ಇಂಜೆಕ್ಷನ್ ಕೊಟ್ಟು, ತಲೆಗೆ ಟವಲು ಹಾಕಿಕೊಂಡು ಮನೆಗೆ ಬಂದು ಕೂತಿದ್ದೆ. ಗ್ರೂಪಿನಲ್ಲಿ ಫೋಟೋ ಬಂತು. ಯಾರದೋ ಮನೆಯ ಸಿಸಿ ಕ್ಯಾಮೆರಾದಲ್ಲಿ ಸಿಕ್ಕಿದ ಮಸುಕು ಚಿತ್ರ. ಕೆಳಗೆ ಬರೆದಿತ್ತು: "ಎಚ್ಚರಿಕೆ! ಅಪರಿಚಿತ ವ್ಯಕ್ತಿ ಬಡಾವಣೆಯಲ್ಲಿ ತಿರುಗಾಡುತ್ತಿದ್ದಾನೆ. ಕಪ್ಪು ಬಣ್ಣ, ಕೈಯಲ್ಲಿ ಚೀಲ, ನಡಿಗೆ ಸಂಶಯಾಸ್ಪದ."

ನನಗೂ ಆ ಮನುಷ್ಯನ ನಡಿಗೆ ಸರಿ ಕಾಣಲಿಲ್ಲ. ದೊಣ್ಣೆ, ಟಾರ್ಚು ಹಿಡಿದು ಹೊರಗೆ ಬಂದೆ. ಶಿವಮಲ್ಲಪ್ಪನವರೂ ಇನ್ನು ನಾಲ್ಕು ಜನರೂ ಆಗಲೇ ಬೀದಿಯಲ್ಲಿದ್ದರು. ಎರಡು ಬೀದಿ, ಚರಂಡಿ, ಅರ್ಧ ಕಟ್ಟಿದ ಮನೆಗಳು, ಎಲ್ಲ ಹುಡುಕಿದೆವು.

"ಇಂತೋರ್ನ ಮುಖ ನೋಡುದ್ರೇ ಗೊತ್ತಾಗ್ಬುಡ್ತದೆ ಕಣ್ರೀ ಡಾಕ್ಟ್ರೇ," ಎಂದರು ಶಿವಮಲ್ಲಪ್ಪ.

"ಹೌದೌದು," ಎಂದೆ ನಾನು.

ಮುಕ್ಕಾಲು ಗಂಟೆ ಹುಡುಕಿ ಸುಸ್ತಾಗಿ ಬಂದರೆ ರತ್ನ ನನ್ನ ಫೋನು ಹಿಡಿದು ನಿಂತಿದ್ದಳು. "ಇದು ನಾನ್ ಒಲ್ಸಿದ್ ಶರ್ಟು," ಎಂದಳು.

ಮತ್ತೆ ನೋಡಿದೆ. ಟವಲೂ ನನ್ನದೇ. ಬೀದಿಗೆ ವಾಪಸು ಹೋಗಿ ಹೇಳಿದೆ. ಶಿವಮಲ್ಲಪ್ಪ ಕೆಮ್ಮಿ, "ಕ್ಯಾಮೆರಾ ಸರಿಯಿಲ್ಲ," ಎಂದರು. ಇನ್ನೊಬ್ಬರು, "ನೀವು ವಸಿ ನಗ್ತಾ ನಡೀಬೇಕು ಡಾಕ್ಟ್ರೇ, ಗುರ್ತು ಸಿಕ್ತದೆ," ಎಂದರು. ಸರಿ, ಅವತ್ತಿನಿಂದ ಪ್ರತಿ ಕ್ಯಾಮೆರಾ ಕಂಡಾಗಲೂ ಹಲ್ಲು ಕಿರಿದೆ. ಹದಿನೈದು ದಿನಕ್ಕೆ ಇನ್ನೊಂದು ಸಂದೇಶ ಬಂತು: "ಎಚ್ಚರಿಕೆ! ಅಪರಿಚಿತ ವ್ಯಕ್ತಿ ಕ್ಯಾಮೆರಾ ನೋಡಿ ನಗುತ್ತಿದ್ದಾನೆ."

ಈಗ ನಗುತ್ತ ಬರೆಯುತ್ತಿದ್ದೇನೆ. ಅವತ್ತು ಮಾತ್ರ ಊಟ ಸೇರಲಿಲ್ಲ. ನನ್ನದೇ ಬೀದಿಯಲ್ಲಿ ನನ್ನನ್ನೇ ದೊಣ್ಣೆ ಹಿಡಿದು ಹುಡುಕಿದ್ದೆ, ಸಿಕ್ಕಿದ್ದರೆ ಮೊದಲ ಏಟು ನಾನೇ ಹಾಕುತ್ತಿದ್ದೆ. ಆ ನಾಚಿಕೆ ಬಹಳ ದಿನ ಇತ್ತು.

ನಿವೃತ್ತನಾದ ಮೇಲಿನ ಸಂಗತಿ ಇದು. ಶುದ್ಧ ನಾಟಿ ಹಸುವಿನ ಹಾಲು ಮೈಗೆ ಒಳ್ಳೆಯದೆಂದು ಯಾರೋ ಹೇಳಿ, ಶಿವಮಲ್ಲಪ್ಪ ಕರು ಸಮೇತ ಒಂದು ಹಸು ತಂದು ಹಿತ್ತಲಲ್ಲಿ ಕಟ್ಟಿದ್ದರು. ಅದೇ ಹೊತ್ತಿಗೆ ಪಕ್ಕದ ಸೈಟಿನಲ್ಲಿ ಅವರ ಹೊಸ ಮನೆಯೂ ಎದ್ದಿತು. ಗೃಹಪ್ರವೇಶಕ್ಕೆ ಮೊದಲು ಹಸು ಕರು ಒಳಗೆ ಹೋಗಬೇಕು, ಆಮೇಲೆ ಅದರದೇ ಹಾಲು ಕರೆದು ಹೊಸ ಒಲೆಯ ಮೇಲೆ ಉಕ್ಕಿಸಬೇಕು ಎಂದು ಪೂಜೆ ಮಾಡಿಸುವ ಅಯ್ನೋರು ಹೇಳಿದ್ದರು. ಒಂದು ಶುಕ್ರವಾರ ಬೆಳಿಗ್ಗೆ ಓಲಗದ ಸದ್ದು ಕೇಳುತ್ತ ನಾನು ಜಗಲಿಯ ಮೇಲೆ ಪೇಪರ್ ಓದುತ್ತಿದ್ದೆ. ನಮ್ಮನ್ನೂ ಕರೆದಿದ್ದರು, "ಯಾವಾಗಾದ್ರೂ ಬಿಡುವಾದಾಗ ಬಂದೋಗಿ" ಎಂದು. ಓಲಗ ಒಮ್ಮೆಲೇ ನಿಂತಿತು. ಗೌರಮ್ಮ ಕೂಗಿಕೊಂಡರು.

"ಡಾಕ್ಟ್ರೇ! ಹಸ ಮಾಡಿಗೆ ಹತ್ಬುಟ್ಟದೆ!"

ಆದದ್ದಿಷ್ಟು. ಗ್ರಾನೈಟ್ ನೆಲ ಕನ್ನಡಿಯಂತಿತ್ತು. ಓಲಗಕ್ಕೆ ಬೆದರಿದ ಕರು ಮೆಟ್ಟಿಲು ಹತ್ತಿ ಮಹಡಿಗೆ ಓಡಿತು, ಕರುವಿನ ಹಿಂದೆ ಹಸುವೂ ಓಡಿತು. ಹಸು ಮೆಟ್ಟಿಲು ಹತ್ತುತ್ತದೆ, ಇಳಿಯಲು ಮಾತ್ರ ಜಪ್ಪಯ್ಯ ಅಂದರೂ ಒಪ್ಪುವುದಿಲ್ಲ. ಡ್ಯೂಟಿ ಡಾಕ್ಟರ ಫೋನು ಸಿಕ್ಕಿರಲಿಲ್ಲ.

ನಾನು ಓಡಿದೆ. ಅಭ್ಯಾಸದಂತೆ ಗೇಟಿನ ಹತ್ತಿರ ನಿಂತೆ. ಅಭ್ಯಾಸದಂತೆ ಶಿವಮಲ್ಲಪ್ಪನವರೂ ಗೇಟಿಗೆ ಬಂದು, "ಇಲ್ಲಿಂದ್ಲೇ ಏನಾರ ಹೇಳಕ್ಕಾಯ್ತದಾ ಡಾಕ್ಟ್ರೇ?" ಎಂದರು. ತಲೆ ಎತ್ತಿದರೆ ಹಸು ಬಾಲ್ಕನಿಯಲ್ಲಿ. ಕೊರಳಲ್ಲಿ ಚೆಂಡುಹೂವಿನ ಹಾರ, ಹಣೆಗೆ ಕುಂಕುಮ, ರೇಷ್ಮೆ ಸೀರೆಯ ಅಂಚು ಹೊದ್ದು ಮನೆಯೊಡತಿಯ ಹಾಗೆ ನಿಂತು ನನ್ನನ್ನು ನೋಡುತ್ತಿತ್ತು. "ಹೋ, ಹೋ, ಬಾ," ಎಂದೆ. ಅದು ಬಾಲ ಎತ್ತಿ ಹೊಸ ನೆಲದ ಮೇಲೆ ಸಗಣಿ ಹಾಕಿತು. ಅಯ್ನೋರು ಗಡಿಯಾರ ನೋಡಿಕೊಂಡು, "ರಾಹುಕಾಲ ಬತ್ತಾ ಅದೆ," ಎಂದರು.

"ಬನ್ನಿ ಒಳಕ್ಕೆ, ಬನ್ನಿ!" ಎಂದರು ಶಿವಮಲ್ಲಪ್ಪ.

ಹೊಸ್ತಿಲ ಮುಂದೆ ನಾನು ತಡೆದೆ. ಎಷ್ಟು ವರ್ಷ ಕಾದಿದ್ದ ಹೊಸ್ತಿಲು ಅದು. "ಯಾವ ಕಾಲು ಮೊದಲಿಡ್ಲಿ?" ಎಂದು ಕೇಳಿದೆ.

"ಯಾವ್ದಾರ ಇಡಿ ಡಾಕ್ಟ್ರೇ, ಬೇಗ ಇಡಿ!" ಎಂದರು ಗೌರಮ್ಮ, ಅಳು ಬಂದಂತೆ.

ಕರುವನ್ನು ಎತ್ತಿಕೊಂಡು ಕೆಳಗೆ ಬಿಟ್ಟೆ. ಹಸು ಅರಚಿತು, ಎರಡು ಮೆಟ್ಟಿಲು ಇಳಿಯಿತು, ಗೊರಸು ಜಾರಿತು, ಮತ್ತೆ ಮೇಲಕ್ಕೇ ಓಡಿತು. ಮಂಡಿಯಿಂದ ಗೋಣಿಚೀಲ ತರಿಸಿ ಮೆಟ್ಟಿಲಿಗೆಲ್ಲ ಹಾಸಿದೆವು. ಅವುಗಳಲ್ಲಿದ್ದ ಅರಿಶಿನದ ಪುಡಿ ಎದ್ದು ಮನೆ, ಅಯ್ನೋರು, ಓಲಗದವರು ಎಲ್ಲ ಹಳದಿಯಾದರು. ಬಾಳೆಹಣ್ಣು ತೋರಿಸಿದರು, ಹೋಳಿಗೆ ತೋರಿಸಿದರು. ಹಸು ಮೂಸಲೂ ಇಲ್ಲ. ಆಗ ನನಗೆ ನೆನಪಾಯಿತು, ನಮ್ಮ ಒಲೆಯ ಮೇಲೆ ಹುರುಳಿ ಬೇಯುತ್ತಿದೆ. ಹುರುಳಿ ಬೇಯಿಸಿದ ನೀರು ಬಸಿದರೆ ಅದೇ ಕಟ್ಟು, ಅದರಲ್ಲಿ ನಮ್ಮ ಸಾರು; ಬೆಂದ ಕಾಳು ರತ್ನಳ ತವರಿನಲ್ಲಿ ಎತ್ತಿಗೆ ಹಾಕುತ್ತಿದ್ದರು. ಫೋನು ಮಾಡಿದೆ.

ರತ್ನ ಬಿಸಿ ಪಾತ್ರೆ ಹಿಡಿದು ಬಂದಳು. ಅವಳನ್ನು ಯಾವ ಕಾಲು ಎಂದು ಯಾರೂ ಕೇಳಲಿಲ್ಲ, ಅವಳೂ ಕೇಳಲಿಲ್ಲ. ಹುರುಳಿಯ ವಾಸನೆಗೆ ಹಸುವಿನ ಮೂಗಿನ ಹೊಳ್ಳೆ ಅರಳಿತು. ರತ್ನ ಹಿಂದುಹಿಂದಕ್ಕೆ ಒಂದೊಂದೇ ಮೆಟ್ಟಿಲು ಇಳಿದಳು, ಮೆಟ್ಟಿಲಿಗೊಂದು ಹಿಡಿ ಕಾಳು. ಹಸು ಮೆಟ್ಟಿಲಿಗೊಂದು ಹೆಜ್ಜೆ. ನಾನು ಮೇಲಿನಿಂದ ಬಾಲ ಹಿಡಿದು ಬ್ರೇಕ್ ಹಾಕುತ್ತಿದ್ದೆ. "ಬಾರವ್ವ, ಬಾ ನನ್ನವ್ವ, ಹೆದ್ರುಕೋಬ್ಯಾಡ," ಎಂದು ರತ್ನ ರಮಿಸುತ್ತಿದ್ದಳು. ಹಸು ಕೆಳಗಿಳಿಯಿತು, ಓಲಗ ಮತ್ತೆ ಶುರುವಾಯಿತು, ಹಾಲು ಉಕ್ಕಿತು. ಆ ಬಡಾವಣೆಯಲ್ಲಿ ನಮ್ಮ ಮನೆಯ ಅಡುಗೆ ಉಂಡ ಮೊದಲ ಜೀವ ಆ ಹಸು.

ರತ್ನಳಿಗೆ ಅರಿಶಿನ ಕುಂಕುಮ ಕೊಟ್ಟರು. ಊಟಕ್ಕೆ ಕೂರಿ ಎನ್ನಲಿಲ್ಲ; ಪಾರ್ಸೆಲ್ ಕಟ್ಟಿಸಿ ಕೈಗೆ ಕೊಟ್ಟರು. ರತ್ನ ಅದನ್ನು ಮನೆಗೆ ತಂದು ಮೇಜಿನ ಮೇಲಿಟ್ಟು ನೋಡುತ್ತ ಕೂತಳು. "ಮಾಡಿ ಮೇಲ್ತಂಕ ಓಗಿದ್ನಲ್ರೀ," ಎಂದಳು, ಅಷ್ಟೇ.

ಮರುದಿನದಿಂದ ಹಸು ಬೇರೆ ಏನನ್ನೂ ಮುಟ್ಟದೆ, ಹಾಲನ್ನೂ ಇಳಿಸದೆ ಕೂತಿತು. ಅದಕ್ಕೆ ಹುರುಳಿಯೇ ಬೇಕು. ಗೌರಮ್ಮ ತಾವೇ ಬೇಯಿಸಿ ಹಾಕಿದರು, ಮೂಸಿ ಮುಖ ತಿರುಗಿಸಿತು. ಅವರ ಕೆಲಸದವಳು ಬಕೆಟ್ ಹಿಡಿದು ನಮ್ಮ ಗೇಟಿಗೆ ಬಂದಳು. ಎಂಟು ದಿನ ರತ್ನ ಮಾತಿಲ್ಲದೆ ಬಕೆಟ್ ತುಂಬಿ ಕಳಿಸಿದಳು. ಒಂಬತ್ತನೇ ದಿನ, "ನಿಮ್ಮ ಅಮ್ಮಾವ್ರನ್ನೇ ಬರೇಳು," ಎಂದಳು. ನಾನು ಪೇಪರನ್ನು ಮುಖಕ್ಕೆ ಅಡ್ಡ ಹಿಡಿದುಕೊಂಡೆ.

ಗೌರಮ್ಮ ಬಂದು ಗೇಟಿನಾಚೆ ನಿಂತರು. "ರತ್ನಮ್ಮ, ಹಸಿಗೆ ಹುರುಳಿ..."

"ಕೊಡ್ತೀನಿ ಅಕ್ಕಾರೇ. ಅದು ಉಣ್ಣದು ಕಾಳು, ಅದೇ ಪಾತ್ರೆ ನೀರು ನಮ್ಮ ಸಾರು. ಒಂಬತ್ತು ದಿವ್ಸದಿಂದ ನಿಮ್ಮ ಹಸ ನಮ್ಮನೆ ಅಡ್ಗೆ ಉಣ್ತಾ ಅದೆ, ನೀವು ಅದರ ಹಾಲ್ ಕುಡೀತಾ ಇದ್ದೀರಿ. ಮಧ್ಯದಲ್ಲಿರದು ಹಸ ಒಂದೆಯ. ಅದಕ್ಯಾಕೆ ಸುಮ್ನೆ ತೊಂದ್ರೆ ಕೊಡದು? ಒಳಕ್ ಬನ್ನಿ, ನೀವೇ ಉಣ್ಣಿ. ಆಮೇಲೆ ಬಕೆಟ್ಟು."

ಗೌರಮ್ಮ ಬೀದಿಯ ಆ ತುದಿ ನೋಡಿದರು, ಈ ತುದಿ ನೋಡಿದರು. "ಇವತ್ತು ನಂಗೆ..." ಎಂದು ಶುರು ಮಾಡಿದರು. ಎದುರು ಹಿತ್ತಲಿನಿಂದ ಹಸು ಒಂದು ಸಲ ಜೋರಾಗಿ ಅರಚಿತು. ಗೌರಮ್ಮ ಎಷ್ಟು ಹೊತ್ತು ನಿಂತಿದ್ದರೋ, ನನಗೆ ಪೇಪರಿನ ಒಂದಕ್ಷರವೂ ಕಾಣುತ್ತಿರಲಿಲ್ಲ. ಆಮೇಲೆ ಗೇಟಿನ ಚಿಲಕದ ಸದ್ದಾಯಿತು. ಚಪ್ಪಲಿ ಬಿಟ್ಟರು.

ರತ್ನ ಎಲೆ ಹಾಕಿದಳು. ಮುದ್ದೆ ಇಟ್ಟಳು, ಹುರುಳಿಕಟ್ಟಿನ ಸಾರು ಬಿಟ್ಟಳು. ಗೌರಮ್ಮ ಮುದ್ದೆ ಮುರಿದು, ಅದ್ದಿ, ಕಣ್ಣು ಮುಚ್ಚಿ ನುಂಗಿದರು. ಇನ್ನೊಂದು ತುತ್ತಿಗೆ ಕಣ್ಣು ತೆರೆದಿತ್ತು. ಮೂರನೇ ತುತ್ತಿಗೆ ಸ್ವಲ್ಪ ಯೋಚಿಸಿ ಹೇಳಿದರು: "ಉಪ್ಪು ವಸಿ ಕಮ್ಮಿ ಆಯ್ತು ಕಣ್ರಮ್ಮ."

ನಾನು ಪೇಪರ್ ಮಡಚಿಟ್ಟೆ. ಮದುವೆಯಾದಂದಿನಿಂದ ರತ್ನಳ ಅಡುಗೆಗೆ ಹೆಸರಿಟ್ಟವರು ಯಾರೂ ಇಲ್ಲ, ಇಟ್ಟು ಉಳಿದವರೂ ಇಲ್ಲ. ಅವಳು ಅಡುಗೆಮನೆಗೆ ಹೋದಳು. ಬರಲಿಲ್ಲ. ನಾನು ಎದ್ದು ಹೋಗಿ ನೋಡಿದರೆ ಉಪ್ಪಿನ ಡಬ್ಬಿ ಹಿಡಿದು ಗೋಡೆಗೆ ಒರಗಿ ನಿಂತಿದ್ದಾಳೆ, ಸೆರಗು ಕಣ್ಣಿಗೆ.

"ಕಮ್ಮಿ ಅಂತೆ ಕಣ್ರೀ," ಎಂದಳು. "ಉಂಡೋರು ತಾನೆ ಅದನ್ನ ಹೇಳದು?"

ಮುಖ ಒರೆಸಿಕೊಂಡು, ಡಬ್ಬಿ ಹಿಡಿದು, ಬೀದಿಗೆಲ್ಲ ಕೇಳುವ ಹಾಗೆ ದನಿ ಎತ್ತಿಕೊಂಡೇ ಆಚೆಗೆ ಹೋದಳು: "ಕಮ್ಮಿಯಾ? ನಿಮ್ಮ ನಾಲ್ಗೇನೇ ಸರಿಯಿಲ್ಲ ಅಕ್ಕಾರೇ!"

ಗೌರಮ್ಮ ಇನ್ನೊಂದು ಸೌಟು ಸಾರು ಹಾಕಿಸಿಕೊಂಡರು.